ಪರಭಾಷೆಯ ಅಕ್ಷರವೂ ಶಾರದೆಯ ಸನ್ನಿಧಿಯೂ

ಬೃಹದಾರಣ್ಯಕೋಪನಿಷತ್ತಿನ ಭಾಷ್ಯದಲ್ಲಿ, ಯಾವ ವಿಶೇಷಣಕ್ಕೂ ಸಿಕ್ಕದ ಪರಬ್ರಹ್ಮವನ್ನು ಶ್ರುತಿಯು ಸೃಷ್ಟಿ, ಸ್ಥಿತಿ, ಲಯಗಳ ಮಾತನ್ನಾಡಿ ಏತಕ್ಕೆ ಬೋಧಿಸಹೊರಟಿತು ಎಂಬ ಪ್ರಶ್ನೆಗೆ ಸಮಾಧಾನ ಹೇಳಬೇಕಾಗಿ ಬಂದಾಗ, ಶ್ರೀ ಶಂಕರ ಭಗವತ್ಪಾದರು ಓದು ಬರಹ ಕಲಿಸುವ ಒಬ್ಬ ಉಪಾಧ್ಯಾಯನನ್ನು ನಮ್ಮ ಕಣ್ಣೆದುರಿಗೆ ತಂದು ಕೂರಿಸುತ್ತಾರೆ. ಅಕಾರವೇ ಮೊದಲಾದ ಅಕ್ಷರಗಳನ್ನು ಶಿಷ್ಯನಿಗೆ ಗ್ರಹಿಸಿಕೊಡಬೇಕೆಂದು ಹೊರಟ ಆತನು ಎಲೆ, ಮಸಿ, ಗೆರೆಗಳೆಂಬ ಸಾಧನಗಳನ್ನು ಆಶ್ರಯಿಸಿ ವರ್ಣಗಳ ತತ್ತ್ವವನ್ನು ತಿಳಿಸುತ್ತಾನೆ. ಎಲೆಯೇ ಅಕ್ಷರವೆಂದಾಗಲಿ ಮಸಿಯೇ ಅಕ್ಷರವೆಂದಾಗಲಿ ಆತನು ಕಲಿಸುವುದಿಲ್ಲ. ಬ್ರಹ್ಮಸೂತ್ರಭಾಷ್ಯದ ಎರಡನೆಯ ಅಧ್ಯಾಯದಲ್ಲಿ, ಆರಂಭಣಾಧಿಕರಣದ ಚರ್ಚೆಯ ನಡುವೆ, ಇದೇ ದೃಷ್ಟಾಂತ ಇನ್ನಷ್ಟು ಮೊನಚಾಗಿ ಬರುತ್ತದೆ: ಗೆರೆಯಾಗಿ ಕಾಣುವ ಅಕ್ಷರ ಅನೃತವಾದರೂ ಆ ಅನೃತದ ಮೂಲಕವೇ ಸತ್ಯವಾದ ಅಕ್ಷರದ ಅರಿವು ಹುಟ್ಟುವುದನ್ನು ಲೋಕದಲ್ಲಿ ಎಲ್ಲರೂ ಕಂಡಿದ್ದಾರೆ. ಶಾಸ್ತ್ರವೂ ಮಿಥ್ಯೆಯ ವಲಯದೊಳಗಿನದೇ ಆಗಿದ್ದರೆ ಅದರಿಂದ ಸತ್ಯವಾದ ಜ್ಞಾನ ಹೇಗೆ ದೊರೆತೀತು ಎಂದು ಕೇಳುವ ಪ್ರತಿವಾದಿಗೆ ಆಚಾರ್ಯರು ಕೊಡುವ ಉತ್ತರಗಳಲ್ಲಿ ಇದೂ ಒಂದು. ವೇದಾಂತದ ಅತ್ಯಂತ ಕಠಿನವಾದ ಘಟ್ಟವೊಂದನ್ನು ದಾಟುವಾಗ ಅವರಿಗೆ ಒದಗಿಬಂದದ್ದು ಕಲಿಯುವವನ ಓಲೆಯ ಮೇಲಿನ ಗೆರೆಯೆಂಬುದನ್ನು ನೆನೆದಾಗಲೆಲ್ಲ ಉಪಾಧ್ಯಾಯವೃತ್ತಿಯ ವಿಷಯದಲ್ಲಿ ನನ್ನ ಗೌರವ ಹೆಚ್ಚುತ್ತದೆ.

ಆ ಆಚಾರ್ಯರ ಪರಂಪರೆ ನೆಲೆಗೊಂಡಿರುವ ಶೃಂಗೇರಿ, ಅದರ ನೆರೆಯ ಕೊಪ್ಪ, ಭದ್ರೆಯ ಕಡೆಗಿರುವ ನರಸಿಂಹರಾಜಪುರ, ಈ ಮೂರು ತಾಲ್ಲೂಕುಗಳ ಶಾಲೆಗಳಲ್ಲಿ ಇಂಗ್ಲಿಷಿನ ಓದು ಬರಹದೊಡನೆ ಹೆಣಗುತ್ತಿರುವ ಮಕ್ಕಳನ್ನು ನೋಡುವಾಗ ಈ ದೃಷ್ಟಾಂತ ನನಗೆ ಬೇರೆಯೇ ಒಂದು ಬೆಳಕಿನಲ್ಲಿ ತೋರುವುದುಂಟು. ತುಂಗೆಯ ದಡದ ಶಾರದಾಂಬೆಯ ಸನ್ನಿಧಿಗೆ ತಂದೆತಾಯಿಗಳು ಮಕ್ಕಳನ್ನು ಅಕ್ಷರಾಭ್ಯಾಸಕ್ಕೆಂದು ಕರೆತರುತ್ತಾರೆ. ತಟ್ಟೆಯಲ್ಲಿ ಹರಡಿದ ಅಕ್ಕಿಯ ಮೇಲೆ ಮಗುವಿನ ಬೆರಳನ್ನು ಹಿರಿಯರು ತಮ್ಮ ಕೈಯಲ್ಲಿ ಹಿಡಿದು ಓಂಕಾರವನ್ನೋ ಶ್ರೀಕಾರವನ್ನೋ ತಿದ್ದಿಸುತ್ತಾರೆ. ಮಗು ಅಕ್ಕಿಯ ತಣ್ಪಿಗೆ ನಕ್ಕು ಎರಡನೆಯ ಗೆರೆಗೆ ಮುನ್ನವೇ ಮುಷ್ಟಿ ತುಂಬಿಕೊಳ್ಳುವುದೂ ಉಂಟು. ಹೀಗೆ ಶಾರದೆಯ ಮುಂದೆ ಕನ್ನಡದ ಅಕ್ಷರ ತಿದ್ದಿದ ಮಗುವೇ ಶಾಲೆಯ ಮೊದಲನೆಯ ತರಗತಿಗೆ ಕಾಲಿಟ್ಟ ವರ್ಷವೇ ಇನ್ನೊಂದು ಲಿಪಿಯನ್ನು, ಮನೆಯಲ್ಲಿ ಯಾರೂ ಆಡದ ಭಾಷೆಯೊಂದರ ಬರಹವನ್ನು, ಕಲಿಯತೊಡಗುತ್ತದೆ. ಕರ್ನಾಟಕದ ಸರ್ಕಾರಿ ಶಾಲೆಗಳಲ್ಲಿ 2007-08ರಿಂದ ಒಂದನೆಯ ತರಗತಿಯಲ್ಲೇ ಇಂಗ್ಲಿಷು ಒಂದು ವಿಷಯವಾಗಿ ಬಂದಿದೆ. ಆಗ ನಮ್ಮ ಕಡೆಯ ಆಸ್ತಿಕರಾದ ಹಿರಿಯರಲ್ಲಿ ಒಂದು ಪ್ರಶ್ನೆ ಎದ್ದಿತು, ಈಗಲೂ ಅಲ್ಲಲ್ಲಿ ಕೇಳಬರುತ್ತದೆ: ಈ ಪರಭಾಷೆಯ ಅಕ್ಷರವೂ ಶಾರದೆಯದೇ? ಮಾತೃಕಾವರ್ಣಗಳನ್ನೇ ತನ್ನ ಶರೀರವಾಗಿ ಉಳ್ಳವಳೆಂದು ತಂತ್ರಾಗಮಗಳು ಕೊಂಡಾಡುವ ದೇವಿಗೂ ಈ 26 ಚಿಹ್ನೆಗಳಿಗೂ ಏನು ಸಂಬಂಧ? ಅದು ಹೊಟ್ಟೆಪಾಡಿನ ವಿದ್ಯೆ, ಅದಕ್ಕೆ ಪೂಜ್ಯತೆಯೇಕೆ ಎನ್ನುವವರು ಒಂದು ಕಡೆ. ವಾಕ್ಕೆಲ್ಲವೂ ಅವಳದೇ, ಭೇದವೆಣಿಸುವುದೇ ಅಪರಾಧವೆನ್ನುವವರು ಇನ್ನೊಂದು ಕಡೆ. ಎರಡನೆಯವರ ಮಾತು ನನಗೆ ಹಿತವಾಗಿ ಕೇಳಿಸುತ್ತದೆ. ಆದರೆ ಅಷ್ಟು ಸುಲಭವಾಗಿ ಅದನ್ನು ಒಪ್ಪಿ ಎದ್ದು ಹೋಗಲು ಮನಸ್ಸು ಬಾರದು. ಏಕೆಂದರೆ ಅಕ್ಷರ ಯಾರದೆಂದು ನಿರ್ಣಯಿಸುವುದಕ್ಕೆ ಮುಂಚೆ ಮಗುವಿಗೆ ಅಕ್ಷರ ದೊರಕಿತೇ ಇಲ್ಲವೇ ಎಂಬುದನ್ನು ನೋಡಬೇಕು. ಗೆರೆ ಮಾತ್ರ ದೊರಕಿ ಅಕ್ಷರ ದೊರಕದಿದ್ದ ಪಕ್ಷದಲ್ಲಿ, ಅದು ದೇವಿಯ ಶರೀರವೋ ಅಲ್ಲವೋ ಎಂಬ ವಿಚಾರಕ್ಕೆ ವಿಷಯವೇ ಇಲ್ಲ.

ಕನ್ನಡ ಕಲಿಯುವ ಮಗುವಿಗೆ ಗೆರೆಯಿಂದ ಧ್ವನಿಗೆ ಹೋಗುವ ದಾರಿ ಹತ್ತಿರದ್ದು. ಅಕ್ಷರದ ಹೆಸರೇ ಅದರ ಧ್ವನಿ. ‘ಕ’ ಎಂದು ತೋರಿಸಿದರೆ ಓದಬೇಕಾದದ್ದೂ ‘ಕ’ ಎಂದೇ. ಕಾಗುಣಿತ ಬಾಯಿಗೆ ಬಂದು ಒತ್ತಕ್ಷರ ಕೈಗೆ ಹತ್ತಿದರೆ, ಕಂಡರಿಯದ ಪದವನ್ನಾದರೂ ಮಗು ತಪ್ಪಿಲ್ಲದೆ ಉಚ್ಚರಿಸಬಲ್ಲದು. ಉಚ್ಚರಿಸಿದೊಡನೆ, ಆ ಪದ ಅವ್ವನ ಬಾಯಲ್ಲಿ ಕೇಳಿದ್ದಾದ್ದರಿಂದ, ಅರ್ಥ ತಾನಾಗಿ ಮೂಡುವುದು. ಇಂಗ್ಲಿಷಿನಲ್ಲಿ ಹಾಗಿಲ್ಲ. ಬೆಕ್ಕಿನ ಚಿತ್ರದ ಕೆಳಗಿರುವ ‘ಸಿ, ಎ, ಟಿ’ ಎಂಬ ಮೂರು ಹೆಸರುಗಳನ್ನು ಎಷ್ಟು ವೇಗವಾಗಿ ಕೂಡಿಸಿ ಹೇಳಿದರೂ ‘ಕ್ಯಾಟ್’ ಎಂಬುದು ಹೊರಡದು. ಹೆಸರು ಬೇರೆ, ಧ್ವನಿ ಬೇರೆ. ಸಾಲದುದಕ್ಕೆ, 26 ಚಿಹ್ನೆಗಳು ಸುಮಾರು 44 ಧ್ವನಿಗಳ ಹೊರೆಯನ್ನು ಹಂಚಿಕೊಂಡು ಹೊರಬೇಕಾಗಿರುವುದರಿಂದ, ‘ಪುಟ್’ ಎಂಬಲ್ಲಿ ಉಕಾರವಾಗಿದ್ದ ಚಿಹ್ನೆಯೇ ‘ಬಟ್’ ಎಂಬಲ್ಲಿ ಅಕಾರವಾಗುವುದು. ಇಂಗ್ಲಿಷು ಅನ್ಯಾಯದ ಭಾಷೆಯೆಂದು ಇದಕ್ಕಾಗಿ ಹಳಿಯುವುದು ಸರಿಯಲ್ಲ. ನಾನಾ ಕಾಲಗಳ ನಾನಾ ಜನರ ಉಚ್ಚಾರಣೆ ಅದರ ಕಾಗುಣಿತದಲ್ಲಿ ಪದರಪದರವಾಗಿ ಉಳಿದುಬಂದಿದೆ, ಅದು ಆ ಭಾಷೆಯ ಇತಿಹಾಸ. ಆದರೆ ಅಕ್ಷರವೂ ಧ್ವನಿಯೂ ಒಂದೇ ಎಂಬ ವಿಶ್ವಾಸದಲ್ಲಿ ಬೆಳೆದ ಕನ್ನಡದ ಮಗು ಇಲ್ಲಿ ಮೊದಲ ಬಾರಿಗೆ ಗೆರೆಯು ತನ್ನನ್ನು ಮೋಸಗೊಳಿಸಿತೆಂದು ತಿಳಿಯುತ್ತದೆ. ಅದಕ್ಕೆ ಯಾರಾದರೂ ಸಾವಧಾನವಾಗಿ ಹೇಳಬೇಕು: ಮಗೂ, ಇದರ ಹೆಸರು ಇದು, ಇದರ ಸದ್ದು ಇದು, ಈ ಸದ್ದುಗಳನ್ನು ಈ ಕ್ರಮದಲ್ಲಿ ಪೋಣಿಸಿದರೆ ಈ ಮಾತು. ಕ್ರಮವೆಂಬುದು ಸಾಮಾನ್ಯವಾದ ವಿಷಯವಲ್ಲ. ದೇವತಾಧಿಕರಣದ ಭಾಷ್ಯದಲ್ಲಿ, ವರ್ಣಗಳಿಗೆ ಅತಿರಿಕ್ತವಾಗಿ ಸ್ಫೋಟವೆಂಬ ಇನ್ನೊಂದು ಪದಾರ್ಥವಿದೆಯೆಂಬ ವೈಯಾಕರಣರ ಪಕ್ಷವನ್ನು ನಿರಾಕರಿಸಿ, ವರ್ಣಗಳೇ ಶಬ್ದವೆಂಬ ಉಪವರ್ಷರ ಮತವನ್ನು ಎತ್ತಿಹಿಡಿಯುವ ಆಚಾರ್ಯರು, ‘ಕಪಿ’, ‘ಪಿಕ’ ಎಂಬ ಜೋಡಿಯನ್ನು ಪೂರ್ವಪಕ್ಷದ ಬಾಯಿಂದ ಎತ್ತಿಸಿ, ವರ್ಣಗಳು ಅವೇ ಆದರೂ ಸಾಲಿನ ಕ್ರಮ ಬೇರೆಯಾದ್ದರಿಂದ ಪದ ಬೇರೆಯೆಂದು ಸಮಾಧಾನ ಹೇಳುತ್ತಾರೆ. ‘ಪಾಟ್’ ಎಂಬುದನ್ನು ‘ಟಾಪ್’ ಎಂದು ಓದಿ ಪೆಟ್ಟು ತಿನ್ನುವ ಮಗುವಿನ ತೊಡಕು ಅಷ್ಟು ಹಳೆಯದು, ಅಷ್ಟು ಗೌರವದ್ದು.

ಕೊಪ್ಪದ ಕಡೆಯ ಒಂದು ಹಳ್ಳಿಯ ಶಾಲೆಯಲ್ಲಿ ನಾನು ಕಂಡ ಪುಸ್ತಕವೊಂದನ್ನು ಇಲ್ಲಿ ಹೇಳಬೇಕು. ಅದರ ಪುಟದಲ್ಲಿ ಹಸುವಿನ ಮೇಲಿನ ಪಾಠ. ಅಚ್ಚಾದ ಪ್ರತಿಯೊಂದು ಸಾಲಿನ ಕೆಳಗೂ ಪೆನ್ಸಿಲಿನಿಂದ ಕನ್ನಡ ಲಿಪಿಯಲ್ಲಿ ಬರೆದ ಇನ್ನೊಂದು ಸಾಲು: ‘ದಿ ಕೌ ಈಸ್ ಎ ಡೊಮೆಸ್ಟಿಕ್ ಎನಿಮಲ್’. ಬರೆದ ಹುಡುಗಿ ಎದ್ದುನಿಂತು ಕೈ ಕಟ್ಟಿಕೊಂಡು ರಾಗವಾಗಿ ಓದಿದಳು. ಕಣ್ಣು ಅಚ್ಚಿನ ಸಾಲಿನ ಮೇಲಿರಲಿಲ್ಲ, ಪೆನ್ಸಿಲಿನ ಸಾಲಿನ ಮೇಲಿತ್ತು. ಕೇಳಿದ ಯಾರಿಗಾದರೂ ಅವಳು ಇಂಗ್ಲಿಷು ಓದಿದಂತೆ ತೋರುತ್ತಿತ್ತು. ಅವಳು ಓದಿದ್ದು ಕನ್ನಡ ಲಿಪಿಯನ್ನು, ಅದೂ ಕನ್ನಡವಲ್ಲದ ಮಾತನ್ನು; ಇಂಗ್ಲಿಷಿನ ಗೆರೆ ಗೆರೆಯಾಗಿಯೇ ಉಳಿದಿತ್ತು, ಅರ್ಥ ಎರಡು ಸಾಲುಗಳಲ್ಲಿ ಎಲ್ಲಿಯೂ ಇರಲಿಲ್ಲ. ‘ಡೊಮೆಸ್ಟಿಕ್ ಅಂದರೆ ಏನಮ್ಮ?’ ಎಂದು ಕೇಳಿದರೆ ಅವಳು ಮೇಷ್ಟರ ಮುಖ ನೋಡಿದಳು. ‘ನಿಮ್ಮನೇಲಿ ದನ ಇದಾವೇನೇ?’ ಎಂದು ಮೇಷ್ಟರು ಕೇಳಿದ್ದೇ ತಡ, ಮಾತು ಹೊಳೆಯಾಯಿತು. ಕೊಟ್ಟಿಗೆಯಲ್ಲಿ ಎರಡು ಗಿಡ್ಡ ತಳಿಯ ಹಸು, ಒಂದರ ಹೆಸರು ಕೌಲಿ, ಅದು ಅಜ್ಜಿಗಲ್ಲದೆ ಬೇರೆಯವರಿಗೆ ಹಾಲು ಕೊಡುವುದಿಲ್ಲ, ಒದೆಯುತ್ತದೆ, ಸಂಜೆ ಬ್ಯಾಣದಿಂದ ತಾನಾಗಿಯೇ ಬರುತ್ತದೆ, ಮಳೆಗಾಲದಲ್ಲಿ ಅದರ ಕಾಲಡಿಗೆ ಸೊಪ್ಪು ಹಾಸಬೇಕು. ಪಾಠದ ಪುಸ್ತಕ ಹಸುವಿನ ವಿಷಯವಾಗಿ ಹೇಳಿದ್ದಕ್ಕಿಂತ ಹೆಚ್ಚನ್ನು ಅವಳು ಬಲ್ಲಳು. ಜ್ಞಾನ ಮಗುವಿನಲ್ಲಿತ್ತು, ಶಬ್ದ ಪುಸ್ತಕದಲ್ಲಿತ್ತು. ಎರಡಕ್ಕೂ ಸಂಬಂಧವನ್ನು ಯಾರೂ ಕಲ್ಪಿಸಿರಲಿಲ್ಲ.

ಸಂಬಂಧ ಹೇಗೆ ಹುಟ್ಟುತ್ತದೆಂಬುದನ್ನು ಮೀಮಾಂಸಕರು ಬಹಳ ಹಿಂದೆಯೇ ವಿಚಾರಿಸಿ ಇಟ್ಟಿದ್ದಾರೆ. ಅವರ ಉದಾಹರಣೆಯೂ ಹಸುವೇ ಆಗಿರುವುದು ಈ ಸಂದರ್ಭದಲ್ಲಿ ಮನಸ್ಸಿಗೆ ಹತ್ತುತ್ತದೆ. ಹಿರಿಯನೊಬ್ಬನು ಇನ್ನೊಬ್ಬನಿಗೆ ‘ಹಸುವನ್ನು ತಾ’ ಎನ್ನುತ್ತಾನೆ. ಆ ಇನ್ನೊಬ್ಬನು ಎದ್ದು ಹೋಗಿ ಹಸುವನ್ನು ತರುತ್ತಾನೆ. ಪಕ್ಕದಲ್ಲಿ ಕುಳಿತ ಬಾಲಕನು ಮಾತನ್ನು ಕೇಳುತ್ತಾನೆ, ಕ್ರಿಯೆಯನ್ನು ನೋಡುತ್ತಾನೆ. ಆಮೇಲೆ ‘ಹಸುವನ್ನು ಕಟ್ಟು’, ‘ಕುದುರೆಯನ್ನು ತಾ’ ಎಂಬ ಮಾತುಗಳು ಬರುತ್ತವೆ. ಒಂದು ಪದ ಹೋಗಿ ಇನ್ನೊಂದು ಬಂದಾಗ ಯಾವುದು ಬದಲಾಯಿತು, ಯಾವುದು ಉಳಿಯಿತು ಎಂಬುದನ್ನು ಹೋಲಿಸಿ ಬಾಲಕನು ಒಂದೊಂದು ಪದದ ಶಕ್ತಿಯನ್ನು ತಾನೇ ಬೇರ್ಪಡಿಸಿಕೊಳ್ಳುತ್ತಾನೆ. ಇದನ್ನು ವೃದ್ಧವ್ಯವಹಾರವೆಂದು ಕರೆದರು. ಜೈಮಿನಿಸೂತ್ರಗಳಿಗೆ ಭಾಷ್ಯ ಬರೆದ ಶಬರಸ್ವಾಮಿಗಳು ಒಂದು ಸೂಕ್ಷ್ಮವನ್ನು ಸೇರಿಸುತ್ತಾರೆ: ಆ ಹಿರಿಯರು ಮಗುವಿಗೆ ಪಾಠ ಹೇಳುತ್ತಿಲ್ಲ, ತಮ್ಮ ತಮ್ಮ ಕೆಲಸಕ್ಕಾಗಿ ಮಾತನಾಡಿಕೊಳ್ಳುತ್ತಿದ್ದಾರೆ. ಹಸು ಬೇಕಾಗಿದೆ, ಆದ್ದರಿಂದ ಹಸುವೆಂಬ ಶಬ್ದ. ನಮ್ಮ ಮಲೆನಾಡಿನ ಮಗು ಕನ್ನಡವನ್ನು ಕಲಿತದ್ದು ಹೀಗೆಯೇ, ಅಡಿಕೆ ಸುಲಿಯುವ ಚಪ್ಪರದಲ್ಲಿ, ಕೊಟ್ಟಿಗೆಯಲ್ಲಿ, ಬಚ್ಚಲೊಲೆಯ ಮುಂದೆ. ಆದ್ದರಿಂದ ಅದರ ಕೈಗೆ ಕನ್ನಡದ ಪುಸ್ತಕ ಬರುವ ಹೊತ್ತಿಗೆ ಶಬ್ದಾರ್ಥಗಳ ಸಂಬಂಧ ಸಿದ್ಧವಾಗಿರುತ್ತದೆ, ಗೆರೆಯೊಂದನ್ನು ಕಲಿತರೆ ಸಾಕಾಗುತ್ತದೆ. ಇಂಗ್ಲಿಷಿನಲ್ಲಿ ‘ಹಸುವನ್ನು ತಾ’ ಎನ್ನುವ ಹಿರಿಯರು ಆ ಕೊಟ್ಟಿಗೆಯಲ್ಲಿ ಯಾರಿದ್ದಾರೆ? ಯಾರೂ ಇಲ್ಲ. ವ್ಯವಹಾರವಿಲ್ಲದೆ ಬಂದ ಶಬ್ದವನ್ನು, ಶಬ್ದ ಕಿವಿಗೆ ಬೀಳುವ ಮುನ್ನವೇ ಬಂದ ಗೆರೆಯನ್ನು, ಪರೀಕ್ಷೆಗಾಗಿ ತಿದ್ದುವುದನ್ನು ನಾವು ಓದುಬರಹವೆಂದು ಕರೆಯುತ್ತಿದ್ದೇವೆ.

ಹಾಗಾದರೆ ಇಂಗ್ಲಿಷು ಕಲಿಸುವ ಮೇಷ್ಟರು ಮೊದಲು ಮಾಡಬೇಕಾದದ್ದು ಪುಸ್ತಕವನ್ನು ಮುಚ್ಚಿಸುವುದು. ತರಗತಿಯೊಳಗೆ ಒಂದು ಪುಟ್ಟ ವ್ಯವಹಾರವನ್ನು ನಿಜವಾಗಿ ನಡೆಸಬೇಕು: ಬಾಗಿಲು ತೆಗೆಯಬೇಕಾದಾಗ ಇಂಗ್ಲಿಷಿನಲ್ಲಿ ಬಾಗಿಲು ತೆಗೆಯಲು ಹೇಳುವುದು, ನೀರು ಬೇಕಾದಾಗ ಇಂಗ್ಲಿಷಿನಲ್ಲಿ ನೀರು ಕೇಳುವುದು, ಮಕ್ಕಳು ಒಬ್ಬರಿಗೊಬ್ಬರು ಹಾಗೆಯೇ ಹೇಳಿ ಮಾಡಿಸುವುದು. ಆ ಮಾತುಗಳು ಕಿವಿಗೆ ಹಳೆಯವಾದ ಮೇಲೆ ಅವನ್ನೇ ಹಲಗೆಯ ಮೇಲೆ ಬರೆಯಬೇಕು. ಆಗ ಗೆರೆ ಕಂಡ ಮಗು ತನಗೆ ಗೊತ್ತಿದ್ದ ಮಾತನ್ನೇ ಅದರಲ್ಲಿ ಗುರುತಿಸುತ್ತದೆ. ಬರವಣಿಗೆಯೂ ಅಷ್ಟೇ. ಆ ಶಾಲೆಯ ಮೇಷ್ಟರು, ನನ್ನೆದುರಿಗೇ, ಹುಡುಗಿಗೆ ಪಾಠದ ಸಾಲು ಬಿಟ್ಟು ಕೌಲಿಯ ವಿಷಯ ಎರಡೇ ಮಾತು ಬರೆ ಎಂದರು. ಬೇಕಾದ ಪದಗಳನ್ನು ಅವಳು ಕನ್ನಡದಲ್ಲಿ ಕೇಳಿದಳು, ಅವರು ಇಂಗ್ಲಿಷಿನಲ್ಲಿ ಕೊಟ್ಟರು. ಬಹಳ ಹೊತ್ತಿನ ಮೇಲೆ ಸ್ಲೇಟಿನ ಮೇಲೆ ಮೂಡಿದ್ದು, ‘ಮೈ ಕೌ ಕೌಲಿ. ಕೌಲಿ ಕಿಕ್ ಮಿ.’ ವ್ಯಾಕರಣಕ್ಕೆ ಅದರಲ್ಲಿ ಕೊರತೆಯುಂಟು. ಆದರೆ ಅದು ಅವಳು ಬರೆದದ್ದು. ಅದರ ಕೆಳಗೆ ಕನ್ನಡ ಲಿಪಿಯ ಸಾಲನ್ನು ಬರೆಯುವ ಅಗತ್ಯ ಅವಳಿಗೆ ಕಾಣಲಿಲ್ಲ. ಇಲ್ಲಿ ಕನ್ನಡ ಆಡುತ್ತಿದ್ದುದರಿಂದ ಇಂಗ್ಲಿಷಿಗೆ ಯಾವ ಹಾನಿಯೂ ಆಗಲಿಲ್ಲವೆಂಬುದನ್ನು ಗಮನಿಸಬೇಕು. ಇಂಗ್ಲಿಷು ಹತ್ತಿಬಂದದ್ದೇ ಕನ್ನಡದ ಮೆಟ್ಟಿಲ ಮೇಲೆ. ತರಗತಿಯಲ್ಲಿ ಮನೆಮಾತು ಆಡಿದರೆ ದಂಡ ಹಾಕುವ ಶಾಲೆಗಳೂ ನಮ್ಮ ನಾಡಿನಲ್ಲಿವೆಯಲ್ಲವೆ. ಅವು ಕಲಿಸುವುದಕ್ಕಿಂತ ಹೆಚ್ಚಾಗಿ ಮೌನವನ್ನೇ ಅಭ್ಯಾಸ ಮಾಡಿಸುತ್ತವೆ.

ಅರ್ಥ ಮೊದಲೆಂಬ ಈ ಮಾತಿಗೆ ಒಂದು ಗಂಭೀರವಾದ ಆಕ್ಷೇಪವುಂಟು, ಅದೂ ಶೃಂಗೇರಿಯಲ್ಲೇ ಹುಟ್ಟುವಂಥದು. ಶ್ರೀ ಸಚ್ಚಿದಾನಂದ ಶಿವಾಭಿನವ ನೃಸಿಂಹ ಭಾರತೀ ಮಹಾಸ್ವಾಮಿಗಳು 1896ರಲ್ಲಿ ಅಲ್ಲಿ ಸದ್ವಿದ್ಯಾಸಂಜೀವಿನೀ ಪಾಠಶಾಲೆಯನ್ನು ಸ್ಥಾಪಿಸಿದರು. ವೇದಪಾಠಶಾಲೆಗಳ ವಟುಗಳು ಅರ್ಥವನ್ನು ತಿಳಿಯುವುದಕ್ಕೆ ಎಷ್ಟೋ ವರ್ಷ ಮುಂಚೆಯೇ ಸಂಹಿತೆಯನ್ನು, ಪದಪಾಠವನ್ನು, ಕ್ರಮವನ್ನು, ಸ್ವರಸಹಿತವಾಗಿ ಕಂಠಸ್ಥ ಮಾಡುತ್ತಾರೆ. ಅರ್ಥವಿಲ್ಲದ ಶಬ್ದಗ್ರಹಣ ವೇದಕ್ಕೆ ಸಲ್ಲುವುದಾದರೆ ಇಂಗ್ಲಿಷಿಗೆ ಏಕೆ ಸಲ್ಲದು ಎಂದು ಕೇಳಬಹುದು. ಈ ವಿಷಯದಲ್ಲಿ ಪ್ರಾಚೀನರಲ್ಲೂ ಏಕಾಭಿಪ್ರಾಯವಿರಲಿಲ್ಲ. ವೇದವನ್ನು ಓದಿಯೂ ಅರ್ಥವನ್ನು ಅರಿಯದವನನ್ನು ಹೊರೆ ಹೊತ್ತ ಕಂಬವೆಂದು ಜರೆಯುವ ಮಾತನ್ನು ಯಾಸ್ಕಾಚಾರ್ಯರು ನಿರುಕ್ತದಲ್ಲಿ ಎತ್ತಿಕೊಂಡಿದ್ದಾರೆ. ಮಂತ್ರಗಳಿಗೆ ಅರ್ಥವೇ ಇಲ್ಲವೆಂದ ಕೌತ್ಸನ ಪಕ್ಷವನ್ನೂ ಅದೇ ಗ್ರಂಥದಲ್ಲಿ ಎದುರಿಸಿದ್ದಾರೆ. ಅಧ್ಯಯನವಿಧಿಯ ವ್ಯಾಪ್ತಿ ಅಕ್ಷರಗ್ರಹಣಕ್ಕೇ ನಿಲ್ಲುವುದೆಂದು ಒಂದು ಪಕ್ಷ, ಅರ್ಥಜ್ಞಾನದವರೆಗೂ ಅದು ಹರಿಯುವುದೆಂದು ಇನ್ನೊಂದು ಪಕ್ಷ. ಶಾಸ್ತ್ರಜ್ಞರು ಇದರ ಮೇಲೆ ಶತಮಾನಗಳ ಕಾಲ ವಾದಿಸಿದ್ದಾರೆ. ಆ ವಾದದ ತೀರ್ಪು ನನ್ನಂಥವನ ಅಧಿಕಾರಕ್ಕೆ ಮೀರಿದ್ದು. ಆದರೆ ಒಂದು ವ್ಯತ್ಯಾಸ ಸ್ಪಷ್ಟವಾಗಿದೆ. ವೇದಾಧ್ಯಯನದಲ್ಲಿ ಶಬ್ದಕ್ಕೇ ಮಹಿಮೆಯುಂಟು. ಉದಾತ್ತಾನುದಾತ್ತ ಸ್ವರಿತಗಳಲ್ಲಿ ಕೂದಲೆಳೆಯಷ್ಟು ಲೋಪವಾದರೂ ಗುರು ಅಲ್ಲಿಯೇ ತಡೆದು ತಿದ್ದುವನು, ಶಿಷ್ಯನು ಗುರುಮುಖದಿಂದ ಕೇಳಿದ್ದನ್ನಲ್ಲದೆ ಇನ್ನೊಂದನ್ನು ಉಚ್ಚರಿಸನು. ಅಲ್ಲಿ ಅರ್ಥ ತಡವಾಗಿ ಬಂದರೂ ಶಬ್ದ ಅಖಂಡವಾಗಿ ಬಂದಿರುತ್ತದೆ. ನಮ್ಮ ಇಂಗ್ಲಿಷು ತರಗತಿಯ ಬಾಯಿಪಾಠದಲ್ಲಿ ಅರ್ಥವೂ ಇಲ್ಲ, ಶಬ್ದವೂ ಶುದ್ಧವಲ್ಲ, ಪರೀಕ್ಷೆಯ ಮಾರನೆಯ ದಿನ ಅದು ನೆನಪಿನಲ್ಲೂ ಇಲ್ಲ. ಅದಕ್ಕೆ ವೇದಾಧ್ಯಯನದ ಹೆಸರನ್ನು ಆಸರೆಯಾಗಿ ಹಿಡಿಯುವುದು ವೇದಾಧ್ಯಯನಕ್ಕೂ ಗೌರವವಲ್ಲ. ಕಂಠಪಾಠವನ್ನು ನಾನು ಹೀನವೆನ್ನುವುದಿಲ್ಲ; ಕಿವಿಗೆ ಇಂಪಾದ ಸಣ್ಣ ಇಂಗ್ಲಿಷು ಪದ್ಯವೊಂದನ್ನು ಮಕ್ಕಳು ಚಪ್ಪಾಳೆಯೊಡನೆ ಬಾಯಿಗೆ ತಂದುಕೊಂಡರೆ ಆ ಭಾಷೆಯ ಲಯ ಅವರಲ್ಲಿ ನೆಲೆಸುವುದು, ಆಮೇಲೆ ಅರ್ಥಕ್ಕೆ ಅದೇ ನೆಲೆಯಾಗುವುದು. ಆದರೆ ಹಾಗೆ ಹಾಡಿಸಬೇಕಾದರೆ ಮೇಷ್ಟರ ಕಿವಿಯಲ್ಲಿ ಆ ಲಯ ಮೊದಲು ಇರಬೇಕು.

ಈ ಎರಡು ವಿದ್ಯಾಪದ್ಧತಿಗಳೂ ಒಂದೇ ಬಾಲ್ಯದಲ್ಲಿ ಹಾದುಹೋದ ಉದಾಹರಣೆ ಶೃಂಗೇರಿಯಲ್ಲೇ ಇದೆ. 1912ರಲ್ಲಿ ಪೀಠವನ್ನೇರಿ 1954ರವರೆಗೆ ಅದನ್ನು ಅಲಂಕರಿಸಿದ ಶ್ರೀ ಚಂದ್ರಶೇಖರ ಭಾರತೀ ಮಹಾಸ್ವಾಮಿಗಳು, 1892ರಲ್ಲಿ ಜನಿಸಿದವರು, ಸಂಸ್ಕೃತ ಪಾಠಶಾಲೆಗೆ ಸೇರುವುದಕ್ಕೆ ಮುನ್ನ ಅಲ್ಲಿಯ ಆಂಗ್ಲೋ-ವರ್ನಾಕ್ಯುಲರ್ ಶಾಲೆಯಲ್ಲಿ ಓದುತ್ತಿದ್ದ ಬಾಲಕರು. ವಿವೇಕಚೂಡಾಮಣಿಗೆ ವ್ಯಾಖ್ಯೆ ರಚಿಸಿದ ಆ ಮಹನೀಯರ ಎಳವೆಯಲ್ಲಿ ಪರಭಾಷೆಯ ಅಕ್ಷರಗಳಿಗೂ ಒಂದಿಷ್ಟು ಸ್ಥಳವಿತ್ತೆಂಬುದನ್ನು, ಆ ಅಕ್ಷರದಿಂದ ಮಕ್ಕಳ ಸಂಸ್ಕಾರ ಕೆಟ್ಟೀತೆಂದು ಅಂಜುವವರು ನೆನೆಯಬಹುದು. ಇನ್ನು ಕೊಪ್ಪ ತಾಲ್ಲೂಕಿನ ಹಿರೇಕೊಡಿಗೆಯಲ್ಲಿ, ತಾಯಿಯ ತವರುಮನೆಯಲ್ಲಿ, 1904ರ ಡಿಸೆಂಬರ್ 29ರಂದು ಹುಟ್ಟಿದ ಕುವೆಂಪು ಅವರ ಕಥೆ ಎಲ್ಲರಿಗೂ ತಿಳಿದದ್ದು: ಇಂಗ್ಲಿಷಿನಲ್ಲಿ ಕವಿತೆ ಬರೆಯುತ್ತಿದ್ದ ತರುಣ 1922ರಲ್ಲಿ ‘ಬಿಗಿನರ್ಸ್ ಮ್ಯೂಸ್’ ಎಂಬ ಪುಟ್ಟ ಸಂಕಲನವನ್ನೂ ಹೊರತಂದದ್ದು, 1924ರಲ್ಲಿ ಐರಿಷ್ ಕವಿ ಜೇಮ್ಸ್ ಕಸಿನ್ಸ್ ಅವರ ಕವಿತೆಗಳನ್ನು ನೋಡಿ ನಿಮ್ಮ ಭಾಷೆಯಲ್ಲಿ ಬರೆಯಿರೆಂದು ಹಿತ ನುಡಿದದ್ದು. ಇದರಿಂದ ಇಂಗ್ಲಿಷು ಬೇಡವೆಂಬ ನೀತಿಯನ್ನು ತೆಗೆಯುವುದು ವಾಡಿಕೆಯಾಗಿದೆ. ನನಗೆ ಹಾಗೆ ಕಾಣುವುದಿಲ್ಲ. ಕಸಿನ್ಸರ ಹಿತವಚನ ಆ ತರುಣನ ಎದೆಗೆ ತಾಗಿದ್ದು, ಆತನು ಆ ಹೊತ್ತಿಗೆ ಇಂಗ್ಲಿಷನ್ನು ನಿಜವಾಗಿ ಓದಿದ್ದರಿಂದ, ಅದರಲ್ಲಿ ತನ್ನದೊಂದನ್ನು ನಿಜವಾಗಿ ಬರೆಯಹೋಗಿದ್ದರಿಂದ. ಇಂಗ್ಲಿಷು ಬರೆಯಲು ಬಾರದವನಿಗೆ ಇಂಗ್ಲಿಷು ಬಿಡೆಂದು ಹೇಳುವುದರಲ್ಲಿ ಅರ್ಥವೇನಿದೆ? ತಿರುಗಿಬರುವುದಕ್ಕಾದರೂ ಹೋಗಿರಬೇಕು. ನಮ್ಮ ಹಳ್ಳಿಯ ಶಾಲೆಗಳಲ್ಲಿ ಅಡಿಗೆರೆಯ ಕನ್ನಡದಲ್ಲಿ ಇಂಗ್ಲಿಷು ಓದುತ್ತಿರುವ ಮಕ್ಕಳು ಹೋಗಿಯೂ ಇಲ್ಲ, ಬಂದೂ ಇಲ್ಲ; ಪಟ್ಟಣದ ಉಳ್ಳವರ ಮಕ್ಕಳು ಹೋಗುತ್ತಿದ್ದಾರೆ. ಅನ್ಯಾಯವಿರುವುದು ಅಲ್ಲಿ, ಇಂಗ್ಲಿಷಿನ ಅಕ್ಷರಗಳಲ್ಲಿ ಅಲ್ಲ.

ಹಿರಿಯರ ಮೊದಲ ಪ್ರಶ್ನೆಗೆ ಉತ್ತರವನ್ನು ನಾನು ಕೊನೆಗೆ ಕಂಡದ್ದು ಶೃಂಗೇರಿಯಲ್ಲಲ್ಲ, ನರಸಿಂಹರಾಜಪುರದ ಕಡೆ. ಹಿಂದೆ ಎಡೆಹಳ್ಳಿಯೆಂದಿದ್ದು ಮೈಸೂರಿನ ಯುವರಾಜ ನರಸಿಂಹರಾಜ ಒಡೆಯರ ಹೆಸರನ್ನು ಪಡೆದ ಆ ಊರಿನಲ್ಲಿ, ಸಿಂಹನಗದ್ದೆಯ ಬಸದಿಯಲ್ಲಿ, ಜ್ವಾಲಾಮಾಲಿನಿಯ ಸನ್ನಿಧಿಯುಂಟು. ಜೈನರಿಗೆ ಅದು ಪುಣ್ಯಕ್ಷೇತ್ರ. ಲಿಪಿಯ ಉತ್ಪತ್ತಿಯ ವಿಷಯದಲ್ಲಿ ಜೈನಪರಂಪರೆ ಹೇಳುವ ಕಥೆ ಜಗತ್ತಿನ ಅಂಥ ಕಥೆಗಳಲ್ಲೆಲ್ಲ ಕೋಮಲವಾದದ್ದೆಂದು ನನ್ನ ಭಾವನೆ. ಆದಿತೀರ್ಥಂಕರನಾದ ವೃಷಭನಾಥನು ತನ್ನ ಇಬ್ಬರು ಹೆಣ್ಣುಮಕ್ಕಳನ್ನು ತೊಡೆಯ ಮೇಲೆ ಕೂರಿಸಿಕೊಂಡು ಬ್ರಾಹ್ಮಿಗೆ ಲಿಪಿಯನ್ನೂ ಸುಂದರಿಗೆ ಅಂಕಗಳನ್ನೂ ಉಪದೇಶಿಸಿದನು. ಲೋಕದ ಮೊದಲ ಅಕ್ಷರ ಬರೆದ ಕೈ ಒಂದು ಹುಡುಗಿಯದು. ಬರೆಯಿಸಿದವನು ಅವಳ ತಂದೆ. ಜಿನಸೇನಾಚಾರ್ಯರು ಸಂಸ್ಕೃತದಲ್ಲಿಯೂ ನಮ್ಮ ಪಂಪನು ಕನ್ನಡದಲ್ಲಿಯೂ ಆದಿಪುರಾಣವನ್ನು ರಚಿಸಿದರು. ಆದ್ದರಿಂದ ಬ್ರಾಹ್ಮಿ ಸುಂದರಿಯರು ಕನ್ನಡಿಗರಿಗೆ ಹೊಸಬರಲ್ಲ. ಜೈನಾಗಮಗಳಲ್ಲಿ ಸಮವಾಯಾಂಗವು ಬ್ರಾಹ್ಮಿಯನ್ನು ಮುಂದಿಟ್ಟುಕೊಂಡು 18 ಲಿಪಿಗಳನ್ನು ಎಣಿಸುತ್ತದೆ. ಅವುಗಳಲ್ಲಿ ಯವನರ ಲಿಪಿಯೂ ಒಂದು. ಪಾಣಿನಿಯ ಸೂತ್ರಕ್ಕೆ ವಾರ್ತಿಕ ಬರೆದ ಕಾತ್ಯಾಯನರೂ ಯವನರ ಲಿಪಿಗೆ ಬೇರೊಂದು ರೂಪಸಿದ್ಧಿಯನ್ನು ಹೇಳಿ ಅದನ್ನು ವ್ಯಾಕರಣದೊಳಕ್ಕೆ ಬರಮಾಡಿಕೊಂಡಿದ್ದಾರೆ. ಯವನರೆಂದರೆ ಗ್ರೀಕರು, ಗ್ರೀಕರ ಅಕ್ಷರಗಳಿಂದ ಇಟಲಿಯಲ್ಲಿ ರೋಮನ್ ಅಕ್ಷರಗಳು ಹುಟ್ಟಿದವು, ಇಂದು ಕೊಪ್ಪದ ಹುಡುಗಿಯ ಪುಸ್ತಕದಲ್ಲಿ ಹಸುವಿನ ಚಿತ್ರದ ಕೆಳಗಿರುವುದು ಆ ರೋಮನ್ ಅಕ್ಷರ. ಹೀಗೆ ಪರದೇಶದ ಲಿಪಿಯೊಂದನ್ನು ಈ ನೆಲದ ಧರ್ಮಗ್ರಂಥ ಬಹಳ ಹಿಂದೆಯೇ, ಯಾವ ಸಂಕೋಚವೂ ಇಲ್ಲದೆ, ಬ್ರಾಹ್ಮಿಯ ಪಂಕ್ತಿಯಲ್ಲಿ ಕೂರಿಸಿತ್ತು. ನಮಗೆ ಈಗ ಉಂಟಾಗಿರುವ ಸಂಕೋಚ ನಮ್ಮ ಪೂರ್ವಿಕರದ್ದಲ್ಲ.

ಇಂಥ ಸಹಪಂಕ್ತಿ, ಭಾಷೆಗಳ ರೂಪದಲ್ಲಿ, ನರಸಿಂಹರಾಜಪುರ ತಾಲ್ಲೂಕಿನಲ್ಲಿ ಇಂದಿಗೂ ಜೀವಂತವಾಗಿದೆಯೆಂದು ಹೇಳಿದರೆ ಅತಿಶಯವಾಗಲಾರದು. ಕೇರಳದಿಂದ ಬಂದು ನೆಲೆಸಿದ ಕೃಷಿಕರ ಮನೆಗಳಲ್ಲಿ ಮಲಯಾಳ, ಘಟ್ಟದ ಕೆಳಗಿನಿಂದ ಬಂದವರ ಮನೆಗಳಲ್ಲಿ ತುಳು, ಕೆಲವೆಡೆ ಕೊಂಕಣಿ, ಬ್ಯಾರಿ, ಉರ್ದು, ಕಾಫಿ ತೋಟದ ಲೈನುಗಳಲ್ಲಿ ತಮಿಳು. ಇಂಥ ಮನೆಯ ಮಗುವಿಗೆ ಕನ್ನಡವೇ ಎರಡನೆಯ ಭಾಷೆ, ಇಂಗ್ಲಿಷು ಮೂರನೆಯದು. ಅದು ಕನ್ನಡದ ಮೆಟ್ಟಿಲನ್ನೇರಿ ಇಂಗ್ಲಿಷಿಗೆ ಹೋಗಬೇಕೆಂದು ನಾನು ಮೇಲೆ ಹೇಳಿದ್ದು ಅದರ ಮಟ್ಟಿಗೆ ಅರ್ಧ ಮಾತ್ರ ಸತ್ಯ. ಮೆಟ್ಟಿಲಿಗೂ ಅದಕ್ಕೆ ಮೆಟ್ಟಿಲು ಬೇಕು. ಕನ್ನಡಿಗರಾದ ನಾವು ಇಂಗ್ಲಿಷಿನೆದುರು ನಮ್ಮ ಭಾಷೆಗಾಗಿ ಕೇಳುವ ನ್ಯಾಯವನ್ನು ತುಳುವಿನ ಮಗುವಿಗೆ ಕನ್ನಡದ ತರಗತಿಯಲ್ಲಿ ಕೊಡುವೆವೇ? ಶಿಕ್ಷಣಮಾಧ್ಯಮದ ವಿವಾದ 1980ರ ದಶಕದಿಂದ ನಮ್ಮ ರಾಜ್ಯವನ್ನು ಕಲಕಿ, ತಾಯ್ನುಡಿಯನ್ನು ಸರ್ಕಾರ ಒತ್ತಾಯದಿಂದ ಮಾಧ್ಯಮವಾಗಿ ವಿಧಿಸಲಾಗದೆಂಬ ಸರ್ವೋಚ್ಚ ನ್ಯಾಯಾಲಯದ 2014ರ ತೀರ್ಪಿನವರೆಗೆ ನಡೆಯಿತು. ಆ ಚರ್ಚೆಯಲ್ಲಿ ಈ ಮಗುವಿನ ಹೆಸರು ಕೇಳಿಬಂದದ್ದು ಕಡಮೆ.

ಭಾಷೆಗಳಲ್ಲಿ ಒಂದು ಪವಿತ್ರ, ಇನ್ನೊಂದು ಲೌಕಿಕ ಎಂಬ ತಾರತಮ್ಯಕ್ಕೆ ಉಪನಿಷತ್ತಿನ ಆಧಾರವನ್ನು ಹುಡುಕುವವರು ಮುಂಡಕವನ್ನು ಒಮ್ಮೆ ತೆರೆಯಬೇಕು. ಶೌನಕನು ವಿಧಿಪೂರ್ವಕವಾಗಿ ಬಂದು ಕೇಳಿದಾಗ ಅಂಗಿರಸನು ಪರಾ, ಅಪರಾ ಎಂದು ಎರಡು ವಿದ್ಯೆಗಳನ್ನು ಹೇಳಿ, ನಾಲ್ಕು ವೇದಗಳನ್ನೂ ಶಿಕ್ಷಾ ವ್ಯಾಕರಣ ನಿರುಕ್ತಾದಿ ಆರು ಅಂಗಗಳನ್ನೂ ಅಪರೆಯಲ್ಲೇ ಎಣಿಸುತ್ತಾನೆ. ವೇದವೇ ನಿಂತಿರುವ ಪಂಕ್ತಿಯಲ್ಲಿ ಇಂಗ್ಲಿಷಿನ ವ್ಯಾಕರಣ ನಿಂತರೆ ಅದಕ್ಕೆ ಅವಮಾನವಿಲ್ಲ, ಆ ಪಂಕ್ತಿಗೂ ಇಲ್ಲ. ಅಪರೆಯೆಂದರೆ ತ್ಯಾಜ್ಯವೆಂದಲ್ಲ, ಅದರ ಮೂಲಕವೇ ದಾಟಬೇಕು. ಗೆರೆ ಅನೃತವೆಂದು ಆಚಾರ್ಯರ ಆ ಉಪಾಧ್ಯಾಯನು ಎಲೆಯನ್ನೂ ಮಸಿಯನ್ನೂ ಎಸೆಯಲಿಲ್ಲವಷ್ಟೆ. ನನ್ನ ಮಟ್ಟಿಗೆ ಹೇಳುವುದಾದರೆ, ಗೆರೆಯಿಂದ ಧ್ವನಿಗೂ ಧ್ವನಿಯಿಂದ ತಾನು ಬಲ್ಲ ವಸ್ತುವಿಗೂ ಮಗುವನ್ನು ಕೊಂಡೊಯ್ದ ಅಕ್ಷರವೆಲ್ಲ ಶಾರದೆಯದು, ಅದು ಯಾವ ದೇಶದ್ದಾದರೂ ಸರಿ. ಗೆರೆಯಲ್ಲೇ ಮಗುವನ್ನು ಕಟ್ಟಿಹಾಕಿದ ಬರಹ, ಕನ್ನಡದ್ದಾದರೂ ಸಂಸ್ಕೃತದ್ದಾದರೂ, ಇನ್ನೂ ಅಕ್ಷರವಾಗಿಲ್ಲ.

ಇಷ್ಟು ಹೇಳಿದ ಮೇಲೂ ಭಾರವೆಲ್ಲ ಉಪಾಧ್ಯಾಯನ ಮೇಲೆಯೇ ಬೀಳುವುದನ್ನು ನಾನು ಮರೆತಿಲ್ಲ. ಬೆಂಗಳೂರಿನಲ್ಲಿ ದಕ್ಷಿಣ ಭಾರತದ ಪ್ರಾದೇಶಿಕ ಇಂಗ್ಲಿಷ್ ಸಂಸ್ಥೆ 1963ರಿಂದ ಇಂಗ್ಲಿಷು ಕಲಿಸುವವರಿಗೆ ತರಬೇತಿ ಕೊಡುತ್ತ ಬಂದಿದೆ, ಅದು ಸ್ತುತ್ಯವಾದ ಕಾರ್ಯ. ಆದರೆ ಕೆಲವು ವಾರಗಳ ತರಬೇತಿ ಮುಗಿಸಿ ಘಟ್ಟದ ಹಳ್ಳಿಗೆ ಮರಳಿದ ಮೇಷ್ಟರ ಎದುರಿಗೆ ಎರಡು ಮೂರು ತರಗತಿಗಳ ಮಕ್ಕಳು ಒಂದೇ ಕೋಣೆಯಲ್ಲಿ ಕುಳಿತಿರುತ್ತಾರೆ, ಮನೆಮಾತು ಒಬ್ಬೊಬ್ಬರದು ಒಂದೊಂದು, ಸುತ್ತಲಿನ ಊರಿನಲ್ಲಿ ಇಂಗ್ಲಿಷಿನಲ್ಲಿ ಮಾತನಾಡಿಸುವವರು ಒಬ್ಬರೂ ಇಲ್ಲ. ಮಕ್ಕಳಿಗೆ ಶಬ್ದ ಬಂದದ್ದು ಹಿರಿಯರಿಂದ, ಆ ಹಿರಿಯರೂ ಮಕ್ಕಳಾಗಿದ್ದಾಗ ಅವರಿಗೆ ಬಂದದ್ದು ಬೇರೆ ಹಿರಿಯರಿಂದ, ಹೀಗೆ ಈ ಸಾಲಿಗೆ ಆದಿಯೇ ಇಲ್ಲವೆಂದು ಶಬರಸ್ವಾಮಿಗಳು ಹೇಳುತ್ತಾರೆ. ಕನ್ನಡಕ್ಕೆ, ತುಳುವಿಗೆ, ಮಲಯಾಳಕ್ಕೆ ಅದು ನಿಜ. ನಮ್ಮ ಮಲೆನಾಡಿನ ಹಳ್ಳಿಯ ಇಂಗ್ಲಿಷಿಗೆ ಮಾತ್ರ ಆದಿಯುಂಟು: ಕಿವಿಯಲ್ಲಿ ಕೇಳದೆ ಪುಸ್ತಕದಿಂದಲೇ ಆ ಭಾಷೆಯನ್ನು ಸಂಪಾದಿಸಿಕೊಂಡು, ತನಗೆ ಯಾವ ವೃದ್ಧರೂ ಇಲ್ಲದೆ ತಾನೇ ಮಕ್ಕಳಿಗೆ ಮೊದಲ ವೃದ್ಧನಾಗಿ ನಿಲ್ಲಬೇಕಾದ ಆ ಮೇಷ್ಟರಿಂದ, ಆ ಟೀಚರಿಂದ, ಅದು ಆರಂಭವಾಗುತ್ತದೆ. ಅವರಿಗೆ ಬೇಕಾದದ್ದು ಮಾತನಾಡಿಸುವ ಸಹವಾಸ, ಓದಲು ಪುಸ್ತಕ, ತಪ್ಪಾಗಿ ಆಡಿದರೂ ನಗದ ಜೊತೆಗಾರರು, ಪಾಠಕ್ರಮ ಮುಗಿಸುವ ಅವಸರದಿಂದ ಬಿಡುಗಡೆಯಾದ ಒಂದಿಷ್ಟು ಹೊತ್ತು. ಶಾರದೆಯ ಊರಿಗೆ ಮಕ್ಕಳನ್ನು ಎತ್ತಿಕೊಂಡು ಬರುವ ಸಹಸ್ರಾರು ಭಕ್ತರಲ್ಲಿ ಇಂಗ್ಲಿಷು ಚೆನ್ನಾಗಿ ಬಲ್ಲವರು ಎಷ್ಟೋ ಮಂದಿ. ಅವರಲ್ಲಿ ಕೆಲವರಾದರೂ ದರ್ಶನವಾದ ಮೇಲೆ ಹತ್ತಿರದ ಒಂದು ಸರ್ಕಾರಿ ಶಾಲೆಯ ಮೆಟ್ಟಿಲು ಹತ್ತಿ ಆ ಮೇಷ್ಟರೊಡನೆಯೂ ಮಕ್ಕಳೊಡನೆಯೂ ಒಂದು ಮಧ್ಯಾಹ್ನ ಆ ಭಾಷೆಯಲ್ಲಿ ಕೂತು ಮಾತನಾಡಿದರೆ, ಅದನ್ನು ದೇವಿಯ ಸೇವೆಯ ಲೆಕ್ಕಕ್ಕೆ ಸೇರಿಸಲು ನನಗೆ ಯಾವ ಅಡ್ಡಿಯೂ ಕಾಣದು.